ಕಡಲೆಕಾಳಿನಷ್ಟು ಗೋಡೆ

"ಗೋಡೆ ಎಲ್ಲಿ?" ಎಂದು ತೋಟದ ಒಡತಿ ಕೇಳಿದಾಗ ಮೇಸ್ತ್ರಿಗೆ ಅದು ಹೊಗಳಿಕೆಯಂತೆಯೇ ಕೇಳಿಸಿತು. ನಾಲ್ಕು ದಿನ ತಾಯಿಯ ಜೊತೆ ಆಸ್ಪತ್ರೆಯಲ್ಲಿದ್ದು ಈಗಷ್ಟೇ ಬಂದವಳು, ಕೈಚೀಲವನ್ನೂ ಇಳಿಸದೆ ಸೇಬಿನ ಗಿಡಗಳ ನಡುವಿನ ಶೆಡ್ಡಿನ ಮುಂದೆ ನಿಂತಿದ್ದಳು. ನಿನ್ನೆಯವರೆಗೆ ಮೈಯೆಲ್ಲ ತೂತಾಗಿದ್ದ ಮಣ್ಣಿನ ಗೋಡೆ ಈಗ ಸಿಮೆಂಟು ಗಾರೆ ಬಳಿಸಿಕೊಂಡು, ನೊಣ ಕೂತರೂ ಜಾರುವಷ್ಟು ನುಣ್ಣಗಾಗಿತ್ತು.

"ಇಲ್ಲೇ ಇದೆಯಲ್ಲಮ್ಮಾ. ಬೆಳಿಗ್ಗೆ ತಾನೇ ಮುಗಿಸ್ದೆ. ಇನ್ನೂ ಹಸಿ ಇದೆ, ಮುಟ್ಬೇಡಿ," ಎಂದ ಮೇಸ್ತ್ರಿ.

"ನಾನೇ ಹೇಳಿ ಮಾಡಿಸ್ದೆ ಅತ್ತಿಗೆ," ಎಂದು ಪಕ್ಕದಲ್ಲಿದ್ದ ಮೈದುನ ಹಲ್ಲು ಬಿಟ್ಟ. "ನೀವು ಬರೋಷ್ಟರಲ್ಲಿ ಲಕ್ಷಣವಾಗಿ ಕಾಣ್ಲಿ ಅಂತ."

ಅವಳು ಚೀಲದ ಸಮೇತ ಅಲ್ಲೇ ಕುಸಿದು ಕೂತಳು. "ಅದರೊಳಗೆ ನನ್ನ ಜೇನುಗಳಿದ್ವಲ್ಲೋ!"

ಮೇಸ್ತ್ರಿಗೆ ನಗು ಬಂತು, ತಡೆದುಕೊಂಡ. ಜೇನೆಂದರೆ ತಟ್ಟಿ ಬೇಡವೇ, ಗುಂಯ್‌ಗುಡುವ ದಂಡು ಬೇಡವೇ? ಅವನು ಕಂಡದ್ದು ಪೆನ್ಸಿಲು ತೂರುವಷ್ಟು ತೂತುಗಳನ್ನು ಮಾತ್ರ, ಅವಕ್ಕೂ ಬಾಯಿಗೆ ಮಣ್ಣು ಮೆತ್ತಿತ್ತು. "ಯಾರೋ ಕಸುಬು ಬಲ್ಲವನು ಮುಚ್ಚಿದ್ದ ಕಣಮ್ಮ. ಒಂದು ಬಿರುಕಿಲ್ಲ. ಯಾರಪ್ಪಾ ಆ ಮೇಸ್ತ್ರಿ ಅಂತ ಇವರನ್ನ ಎರಡು ಸಲ ಕೇಳ್ದೆ."

"ಆ ಮೇಸ್ತ್ರಿನೇ ತಾಯಿ ಜೇನು," ಎಂದಳು ಒಡತಿ. "ಇವು ದಂಡು ಕಟ್ಟಲ್ಲ, ತಟ್ಟಿ ಕಟ್ಟಲ್ಲ. ಒಂದೊಂದೂ ಒಂಟಿ. ತೂತೊಳಗೆ ಮೊಟ್ಟೆ ಇಟ್ಟು, ಮರಿಗೆ ಬುತ್ತಿ ಇಟ್ಟು, ಬಾಗಿಲಿಗೆ ಮಣ್ಣು ಮೆತ್ತಿ ತಾನು ಸತ್ತುಹೋಗುತ್ತೆ. ಹೂವಿನ ಹೊತ್ತಿಗೆ ಮರಿಗಳು ಮಣ್ಣು ಕಡಿದುಕೊಂಡು ಹೊರಗೆ ಬರ್ತವೆ. ಮಣ್ಣು ಕಡೀತವೆ ಮೇಸ್ತ್ರಿ, ಸಿಮೆಂಟು ಕಡಿಯೋಕಾಗುತ್ತಾ?"

ಮೇಸ್ತ್ರಿ ಗಿಡಗಳ ಕಡೆ ನೋಡಿದ. ಮೊಗ್ಗುಗಳು ಆಗಲೇ ಕೆಂಪಗಾಗಿದ್ದವು. ಈ ಹುಳಗಳು ಬರುವ ಮೊದಲು ತೋಟವೆಲ್ಲ ಹೂ ಬಿಟ್ಟರೂ ಬುಟ್ಟಿ ತುಂಬ ಕಾಯಿ ಸಿಗುತ್ತಿರಲಿಲ್ಲವಂತೆ. ಹೋದ ವರ್ಷ ಕಾಯಿಯ ಭಾರಕ್ಕೆ ಕೊಂಬೆಗಳಿಗೆ ಊರುಗೋಲು ಕೊಡಬೇಕಾಯಿತಂತೆ. ಇನ್ನೊಂದು ವಾರಕ್ಕೆ ಹೂ ಅರಳುತ್ತದೆ. ಮುಟ್ಟುವ ಹುಳಗಳಿಲ್ಲದಿದ್ದರೆ ಕಾಯಿ ಕಟ್ಟದೆ ಉದುರುತ್ತದೆ, ಅಷ್ಟೇ.

"ಒಡೆದುಬಿಡಿ," ಎಂದಳು ಅವಳು.

"ನಾನಾ? ಮೂವತ್ತು ವರ್ಷದಲ್ಲಿ ನಾನು ಮಾಡಿದ್ದು ಒಂದು ಚೂರು ಉದುರಿಲ್ಲ. ನನ್ನ ಕೈಯಾರೆ ನಾನೇ ಕೀಳೋದಾ? ಆಗಲ್ಲ ಬಿಡಿ." ಮೇಸ್ತ್ರಿ ಮುಖ ಗಂಟಿಕ್ಕಿಕೊಂಡು ಸಾಮಾನು ಚೀಲಕ್ಕೆ ತುಂಬತೊಡಗಿದ.

ಅವಳು ಶೆಡ್ಡಿನೊಳಗೆ ಹೋಗಿ ದೊಡ್ಡ ಸುತ್ತಿಗೆ ತಂದಳು, ಸೊಂಟಕ್ಕೆ ಸೆರಗು ಸಿಕ್ಕಿಸಿ ಎರಡೂ ಕೈಯಲ್ಲಿ ಎತ್ತಿದಳು. ಅವಳು ಅದನ್ನು ಹಿಡಿದ ಚಂದ ನೋಡಿಯೇ ಮೇಸ್ತ್ರಿಯ ಜೀವ ಹೋಯಿತು. "ಅಯ್ಯೋ, ಹಾಗಲ್ಲಮ್ಮ! ಆ ಏಟಿಗೆ ಒಳಗಿರೋವೆಲ್ಲ ನಜ್ಜುಗುಜ್ಜಾಗ್ತವೆ. ಕೊಡಿ ಇಲ್ಲಿ!"

ಸುತ್ತಿಗೆ ಕಿತ್ತುಕೊಂಡು ಬದಿಗಿಟ್ಟ. ಗಾರೆ ಬಳಿಯುವ ಕರಣೆಯ ತುದಿ ತೂರಿಸಿ, ಗಾಯದ ಪಟ್ಟಿ ಬಿಚ್ಚುವಂತೆ ಹಸಿ ಗಾರೆಯನ್ನು ಅಂಗೈಯಗಲ, ಅಂಗೈಯಗಲ ಎಬ್ಬಿಸತೊಡಗಿದ. ಒಂದೊಂದು ಚಕ್ಕೆ ಬಿದ್ದಾಗಲೂ ಮುಖ ಆಚೆ ತಿರುಗಿಸುತ್ತಿದ್ದ. ಮೈದುನ ಚಕ್ಕೆಗಳನ್ನು ಬುಟ್ಟಿಗೆ ತುಂಬಿ ಹೊತ್ತು ಹಾಕಿದ. ಸಂಜೆಯ ಹೊತ್ತಿಗೆ ಗೋಡೆ ಮೊದಲಿನಷ್ಟೇ ಕುರೂಪವಾಯಿತು, ಒಡತಿಯ ಮುಖಕ್ಕೆ ಕಳೆ ಬಂತು.

ಕೊನೆಯ ಚಕ್ಕೆಯ ಜೊತೆ ಮಾತ್ರ ಒಂದು ಮಣ್ಣಿನ ಬಿರಡೆಯೂ ಕಿತ್ತು ಬಂತು. ತೂತೊಳಗೆ ಕಂದು ಪೊರೆಯಲ್ಲಿ ಮುದುಡಿ ಮಲಗಿದ್ದ ಮರಿ ತುಸುವೇ ಮಿಸುಕಿತು. ಮೇಸ್ತ್ರಿ ಕರಣೆ ಕೆಳಗಿಟ್ಟ.

"ಇದರ ಬಾಗಿಲು ಹೋಯ್ತು. ಇರುವೆ ಬಿಡಲ್ಲ," ಎಂದಳು ಅವಳು ಮೆಲ್ಲಗೆ.

ಅವನು ಚಿಟಿಕೆ ಮಣ್ಣು ತೆಗೆದು, ನಾಲ್ಕು ಹನಿ ನೀರು ಹಾಕಿ ಬೆರಳಲ್ಲೇ ನಾದಿದ. "ಎಷ್ಟು ದಪ್ಪ ಇರ್ಬೇಕಮ್ಮ?"

"ಇರುವೆ ಒಳಗೆ ಹೋಗ್ಬಾರ್ದು. ಮರಿ ಹೊರಗೆ ಬರಬೇಕು."

ಅಂಥ ಅಳತೆ ಅವನಿಗೆ ಯಾರೂ ಹೇಳಿರಲಿಲ್ಲ. ಮೊದಲ ಸಲ ದಪ್ಪವಾಯಿತು, ಕೆರೆದ. ಎರಡನೆಯದು ಸೀಳಿತು. ಮೂರನೆಯ ಸಲ ಉಸಿರು ಬಿಗಿಹಿಡಿದು ಕಿರುಬೆರಳಿನಿಂದ ಕಡಲೆಕಾಳಿನಷ್ಟು ಗೋಡೆ ಎಬ್ಬಿಸಿದ. ಎರಡಂತಸ್ತಿನ ಮನೆ ಕಟ್ಟುವಾಗಲೂ ಅವನಿಗೆ ಇಷ್ಟು ಭಯವಾಗಿರಲಿಲ್ಲ.

ಹತ್ತು ದಿನ ತಡೆದುಕೊಂಡ. ಹನ್ನೊಂದನೆಯ ದಿನ, ಗೋಡೆಯ ಮಟ್ಟ ನೋಡುವ ರಸಮಟ್ಟ ಇಲ್ಲೇ ಬಿಟ್ಟುಹೋಗಿದ್ದೆ ಎಂದು ಸುಳ್ಳು ಹೇಳಿಕೊಂಡು ತೋಟಕ್ಕೆ ಬಂದ. ಗಿಡಗಳೆಲ್ಲ ಬೆಳ್ಳಗೆ ಅರಳಿ ನಿಂತಿದ್ದವು, ಹೂವಿಂದ ಹೂವಿಗೆ ಸಣ್ಣ ಹುಳಗಳು ಹೊಟ್ಟೆಗೆಲ್ಲ ಹಳದಿ ಪುಡಿ ಮೆತ್ತಿಕೊಂಡು ಓಡಾಡುತ್ತಿದ್ದವು. ಅವನು ಅದಾವುದನ್ನೂ ನೋಡದೆ ನೆಟ್ಟಗೆ ಶೆಡ್ಡಿನ ಗೋಡೆಗೆ ಹೋದ, ಬಗ್ಗಿ ಮೂಗು ತಾಗುವಷ್ಟು ಹತ್ತಿರದಿಂದ ತಾನು ಮುಚ್ಚಿದ್ದ ಆ ಒಂದು ತೂತನ್ನು ನೋಡಿದ. ಆಮೇಲೆ ಇಡೀ ತೋಟಕ್ಕೆ ಕೇಳುವಂತೆ ಕೂಗಿಕೊಂಡ:

"ಅಮ್ಮಾ, ಬೇಗ ಬನ್ನಿ! ನನ್ನ ಗೋಡೆ ಒಡೆದುಹೋಗಿದೆ!"