ಗೂಡಿನ ಬಾಗಿಲ ಹಿಂದಿನ ಬೊಟ್ಟುಗಳು

ಬಟ್ಟೆ ನೆನೆಹಾಕುವ ಮುನ್ನ ನನ್ನ ಗಂಡನ ಅಂಗಿಯ ಜೇಬು ತಡಕಿದೆ. ಮಡಚಿಟ್ಟ ಬ್ಯಾಂಕಿನ ಪತ್ರ ಸಿಕ್ಕಿತು. ಮನೆ ಸಾಲದ ಬಾಕಿ ಕಂತು 228 ಎಂದಿತ್ತು. ನಲ್ಲಿ ನಿಲ್ಲಿಸಿ ದೇವರ ಗೂಡಿನ ಬಳಿಗೆ ಹೋದೆ.

ಕಂತು ಕಟ್ಟಿದ ದಿನ ಗೂಡಿನ ಬಾಗಿಲ ಹಿಂದೆ ನಾನೊಂದು ಕುಂಕುಮದ ಬೊಟ್ಟಿಡುತ್ತೇನೆ. ಒಟ್ಟು 240 ಕಂತು, ಇಪ್ಪತ್ತು ವರ್ಷ. ಅವರು ರಿಟೈರಾಗುವ ತಿಂಗಳಿಗೇ ಸಾಲ ಮುಗಿಯಬೇಕು. ಎಣಿಸಿದೆ, ಅರವತ್ತು ಬೊಟ್ಟುಗಳಿದ್ದವು. ಬಾಕಿ ನೂರಾ ಎಂಬತ್ತು ತಾನೇ ಇರಬೇಕು?

“ರೀ, ನಲವತ್ತೆಂಟು ಕಂತಿನ ದುಡ್ಡು ಎಲ್ಲಿ ಹೋಯ್ತು?”

ಗಡ್ಡ ಹೆರೆಯುತ್ತಿದ್ದವರು ತಿರುಗಲಿಲ್ಲ. “ಎಲ್ಲೂ ಹೋಗಿಲ್ಲ. ಎಲ್ಲಾ ಕಟ್ಟಿದ್ದೀನಿ.”

“ಮತ್ತೆ ಪತ್ರ ಯಾಕೆ ಬಚ್ಚಿಟ್ರಿ? ನಿಮ್ಮ ತಂಗಿಗೆ ಕೊಟ್ರಾ? ಎಲ್ಲಾದ್ರೂ ಚೀಟಿ ಹಾಕಿ ಕಳ್ಕೊಂಡ್ರಾ?”

“ಪಾಸ್‌ಬುಕ್ ನೋಡ್ಕೋ ಮಾರಾಯ್ತಿ.”

ನೋಡಿದೆ. ಒಂದು ತಿಂಗಳೂ ತಪ್ಪಿರಲಿಲ್ಲ.

ಜಡೆ ಹಾಕಿಸಿಕೊಳ್ಳಲು ಬಂದ ಆರನೇ ಕ್ಲಾಸಿನ ಮಗಳು ನನ್ನ ಕೈಯಿಂದ ಪತ್ರ ತೆಗೆದುಕೊಂಡು, ಕೊನೆಯ ಸಾಲನ್ನು ಪಾಠದಂತೆ ಜೋರಾಗಿ ಓದಿದಳು: “ಬಡ್ಡಿ ದರ ಏರಿರುವುದರಿಂದ, ಕಂತಿನ ಮೊತ್ತ ಹೆಚ್ಚಿಸದೆ ಸಾಲದ ಅವಧಿಯನ್ನು ವಿಸ್ತರಿಸಲಾಗಿದೆ.”

“ನಿಂಗೆ ಹೇಗೆ ಹೇಳೋದು ಅಂತಾನೇ...” ಅವರ ಮುಖದ ನೊರೆ ಅರ್ಧ ಹಾಗೇ ಉಳಿದಿತ್ತು.

ಮಗಳು ಪತ್ರದ ಹಿಂಬದಿಯಲ್ಲಿ ಪೆನ್ಸಿಲಿನಿಂದ ಏನೋ ಭಾಗಿಸಿದಳು. ಇಬ್ಬರ ಮುಖವನ್ನೂ ನೋಡಿದಳು.

“ಅಪ್ಪ ರಿಟೈರಾದ ಮೇಲೆ ಆ ನಲವತ್ತೆಂಟು ಕಂತು ನಾನು ಕಟ್ಬೇಕಾ ಅಮ್ಮ?”