ಪಕೀರಮ್ಮನ ಬಡ್ಡಿ

ಮಸ್ಕಿಯ ಮನೆಯ ಕಟ್ಟೆಯ ಮೇಲೆ ಕೂತಿದ್ದ ಪಕೀರಮ್ಮ, ಬೈಕಿನಿಂದ ಇಳಿದವನನ್ನು ನೋಡಿ ಹುಬ್ಬು ಗಂಟಿಕ್ಕಿದಳು. ಲಿಂಗಸುಗೂರು ಕಚೇರಿಯ ಗುಮಾಸ್ತ ಮಾಳಿಂಗಪ್ಪ. ಇಷ್ಟು ವರ್ಷ ಅವಳೇ ಅವನ ಟೇಬಲ್ಲಿನ ಮುಂದೆ ನಿಂತಿದ್ದಳು; ಅವನು ಅವಳ ಬಾಗಿಲಿಗೆ ಬಂದದ್ದು ಇದೇ ಮೊದಲು.

"ಒಳಗ ಬರ್ಲೇನ್ರಿ ಅಮ್ಮಾ?"

"ಬಾ. ಸಾಹೇಬ್ರು ಮೀಟಿಂಗ್‌ನ್ಯಾಗ ಅದಾರ ಅನ್ನಾವ್ರು ಇಲ್ಲಿ ಯಾರೂ ಇಲ್ಲ."

ಪಕೀರಮ್ಮ ಸರಕಾರಿ ಹಾಸ್ಟೆಲ್ಲಿನಲ್ಲಿ ಅಡುಗೆ ಮಾಡಿ ನಿವೃತ್ತಳಾದವಳು. ತಿಂಗಳು ತಿಂಗಳು ಸಂಬಳದಲ್ಲಿ ಹಿಡಿದಿಟ್ಟ ಜಿಪಿಎಫ್ ಹಣ ಕೈಸೇರಲು ಮೂರು ವರ್ಷ ಬೇಕಾಯಿತು. ಕೊನೆಗೆ ದುಡಿದದ್ದು ಸಿಂಧನೂರು ತಾಲ್ಲೂಕಿನ ಜವಳಗೇರಾದಲ್ಲಿ, ಸಿಂಧನೂರಿಗೆ ಹೋಗು ಎಂದರು ಲಿಂಗಸುಗೂರಿನವರು. ಸರ್ವಿಸ್ ಬುಕ್ ಲಿಂಗಸುಗೂರಿನಲ್ಲಿದೆ, ಅಲ್ಲಿಗೇ ಹೋಗು ಎಂದರು ಸಿಂಧನೂರಿನವರು. ಮಸ್ಕಿಯೂ ಈಗ ತಾಲ್ಲೂಕಾಗಿದೆ, ಅಲ್ಲೂ ಒಂದು ಮಾತು ಕೇಳು ಎಂದರು ಇಬ್ಬರೂ. ರೋಸಿಹೋಗಿ ಅವಳು ಮೇಲಿನವರಿಗೆ ಅರ್ಜಿ ಹಾಕಿಸಿದ ಮೇಲೆ ಅಸಲು ಬಂತು. ಈಗ, ತಡವಾದದ್ದಕ್ಕೆ ಬಡ್ಡಿಯನ್ನೂ ಕೊಡಬೇಕು, ಅದನ್ನು ತಡ ಮಾಡಿದವನ ಸಂಬಳದಿಂದ ವಸೂಲು ಮಾಡಬೇಕು ಎಂದು ಆದೇಶವಾಗಿತ್ತು.

"ನನ್ನ ಪಗಾರದಾಗ ಹಿಡಿಯಾಕತ್ತಾರ್ರಿ," ಮಾಳಿಂಗಪ್ಪ ಚೀಲದಿಂದ ಒಂದು ಕಾಗದ ತೆಗೆದ. "ಬಡ್ಡಿ ಬ್ಯಾಡ ಅಂತ ಒಂದು ಸಹಿ ಮಾಡಿಕೊಟ್ರ ನಾ ಉಳಕೋತೀನಿ."

"ನನ್ನ ಫೈಲಿಗೆ ಏನಾಗಿತ್ತು, ಅದನ್ನರ ಹೇಳು. ರೊಕ್ಕ ಬೇಕಾಗಿತ್ತೇನು ನಿನಗ?"

"ಇಲ್ರಿ, ಖರೇನ ಹೇಳ್ತೀನಿ. ಮರ್ತಿದ್ನಿರಿ."

ಪಕೀರಮ್ಮನ ಮೈ ಉರಿಯಿತು. ಲಂಚ ಕೇಳಿದ್ದರೆ ಬೈಯಲಿಕ್ಕಾದರೂ ಒಂದು ಕಾರಣವಿರುತ್ತಿತ್ತು. ಈ ಮನುಷ್ಯ ಮರೆತಿದ್ದನಂತೆ. ಅವಳು ಮೊಣಕಾಲು ಒತ್ತಿಕೊಂಡು ಲಿಂಗಸುಗೂರಿನ ಬಸ್ಸು, ಕಚೇರಿಯ ಮೆಟ್ಟಿಲು ಹತ್ತಿದ್ದು, ಮಗಳ ಬಾಣಂತನಕ್ಕೆ ನೆರೆಮನೆಯ ಜೈನಾಬೀಯ ಹತ್ತಿರ ಕೈಗಡ ತಂದು ಮುಖ ತಪ್ಪಿಸಿಕೊಂಡು ತಿರುಗಿದ್ದು, ಎಲ್ಲಾ ಇವನ ಮರೆವಿನಿಂದ.

"ಎದುರಿಗೇ ನಿಂದರ್ತಿದ್ನಲ್ಲೋ ತಮ್ಮಾ. ನಿಂತಾಕಿನ್ನ ಹೆಂಗ ಮರೀತಿ?"

ಒಳಗಿನಿಂದ ಗಂಡ ನರಸಣ್ಣನ ದನಿ ಬಂತು. "ಹೋಗ್ಲಿ ಬಿಡು. ಅಸಲು ಬಂದೈತಲ್ಲ. ಅವನೂ ಹೆಂಡ್ರು ಮಕ್ಕಳಿದ್ದಾಂವ."

"ನೀವೊಬ್ರು ಕಡಿಮಿ ಇದ್ರಿ," ಎಂದು ರೇಗಿದಳು ಪಕೀರಮ್ಮ. ಆದರೆ ಬಂದಾಗ ಕೊಟ್ಟ ತಂಬಿಗೆ ನೀರನ್ನು ಅವನು ಒಂದೇ ಗುಟುಕಿಗೆ ಕುಡಿದದ್ದು ಅವಳ ಕಣ್ಣಿಗೆ ಬಿದ್ದಿತ್ತು. ಹಸಿದ ಮುಖವನ್ನು ಗುರುತಿಸುವುದನ್ನು ಅವಳಿಗೆ ಯಾರೂ ಕಲಿಸಬೇಕಾಗಿರಲಿಲ್ಲ.

"ಊಟ ಆಗೇತೇನು?"

"ಇಲ್ರಿ."

ಗೊಣಗುತ್ತಲೇ ಎದ್ದು ರೊಟ್ಟಿ, ಪುಂಡಿಪಲ್ಯ ತಂದಿಟ್ಟಳು. ಅವನು ಹೊಟ್ಟೆ ತುಂಬ ಉಂಡ. ತನ್ನ ಮನೆಯಲ್ಲಿ ಉಂಡವನ ಮೇಲೆ ಹಟ ಹಿಡಿದು ಕೂರುವುದು ಆಕೆಗೆ ಆಗಲಿಲ್ಲ. "ತಾ ಇಲ್ಲಿ ಆ ಕಾಗದ," ಎಂದು ಕಸಿದುಕೊಂಡು, ಒಂದೊಂದೇ ಅಕ್ಷರ ತಿದ್ದಿ ಸಹಿ ಮಾಡಿದಳು.

ಮಾಳಿಂಗಪ್ಪ ಅದನ್ನು ಕಣ್ಣಿಗೊತ್ತಿಕೊಂಡ. ಆಮೇಲೆ ಚೀಲಕ್ಕೆ ಹಾಕಿಕೊಳ್ಳದೆ ಅವಳ ಕೈಗೇ ತಿರುಗಿ ಕೊಟ್ಟ.

"ಇದನ್ನ ನಾ ಒಯ್ಯಂಗಿಲ್ರಿ ಅಮ್ಮಾ, ಇದು ನನ್ನ ಮ್ಯಾಲಿನ ಕೇಸ್ ಐತಲ್ರಿ. ನಾಳಿ ನೀವ ಲಿಂಗಸುಗೂರಿಗೆ ಬಂದು ಸಾಹೇಬ್ರ ಕೈಯಾಗ ಕೊಡಬೇಕ್ರಿ. ಒಂದು ಕಾಪಿ ಸಿಂಧನೂರಿಗೆ. ನಾಳಿ ಸಾಹೇಬ್ರು ಇರಲಿಲ್ಲಂದ್ರ ನಾಡಿದ್ದು…"

ಪಕೀರಮ್ಮ ಅವನ ಮುಖವನ್ನೇ ನೋಡಿದಳು. ಕಾಗದವನ್ನು ಎರಡಾಗಿ ಹರಿದಳು, ಮತ್ತೆ ನಾಲ್ಕಾಗಿ ಹರಿದು ಅವನ ಅಂಗೈಯಲ್ಲಿಟ್ಟಳು.

"ಬಡ್ಡಿ ಬಿಡಬಹುದಿತ್ತು ತಮ್ಮಾ," ಎಂದಳು. "ಆ ಬಸ್ ಹತ್ತಾಕ ಇನ್ನ ಆಗಂಗಿಲ್ಲ."