ಎಂಟು ಪೈಪುಗಳ ಸಾಲು

ಮೂರು ಬಿರಡೆ ಬಂದವು. ನಾಲ್ಕನೆಯದು ಬರಲೊಲ್ಲೆ ಎಂದಿತು.

ಉಡುಪು ಬದಲಿಸುವ ಕೋಣೆಯ ಬಾಗಿಲಿಗೆ ಬೆನ್ನು ಕೊಟ್ಟು ಕೂತು, ಅವಳು ಬ್ಯಾಗ್‌ಪೈಪಿನ ಕೊಳವೆಯೊಳಗೆ ಹೇರ್‌ಪಿನ್ ತಿರುವಿದಳು. ಹೊರಗೆ ಡ್ರಮ್ಮಿನ ಹುಡುಗರು ಆಗಲೇ ಹೆಜ್ಜೆ ಎಣಿಸುತ್ತಿದ್ದರು. ಟಪ್ಪೆಂದು ಬಿರಡೆ ಮಡಿಲಿಗೆ ಬಿತ್ತು. ಎರಡು ವರ್ಷ ಕಟ್ಟಿದ್ದ ಬಾಯಿ ಬಿಚ್ಚಿತು.

ಬಿರಡೆ ಜಡಿದವರು ಬ್ಯಾಂಡ್ ಮೇಷ್ಟ್ರು. ಸೇರಿದ ಮೂರನೇ ತಿಂಗಳಿಗೆ ಅವಳೊಬ್ಬಳನ್ನೇ ಕೋಣೆಗೆ ಕರೆದು, ಬಾಗಿಲು ಮುಂದೆ ಮಾಡಿ, ಮೆಲ್ಲಗೆ ಹೇಳಿದ್ದರು: "ಹೆಜ್ಜೆ ಚೆನ್ನಾಗಿ ಹಾಕ್ತೀಯಮ್ಮ. ಊದೋದು ಮಾತ್ರ ಕೂಡಿ ಬರ್ತಿಲ್ಲ. ಸಾಲಿಗೆ ಎಂಟು ಜನ ಬೇಕೇ ಬೇಕು. ನೀನು ಸುಮ್ನೆ ಬೆರಳಾಡಿಸು. ಇದು ನಮ್ಮಿಬ್ಬರಲ್ಲೇ ಇರಲಿ."

ಇತ್ತು. ಬಿರಡೆ ಜಡಿದ ಪೈಪಿನ ಚೀಲ ಒಮ್ಮೆ ಊದಿದರೆ ಇಳಿಯುವುದೇ ಇಲ್ಲ; ಆಮೇಲೆ ಕೆನ್ನೆ ಉಬ್ಬಿಸುವುದೆಲ್ಲ ನಾಟಕ. ಮೊದಮೊದಲು ಅಳು ಬರುತ್ತಿತ್ತು. ಆಮೇಲೆ ಅದೂ ನಿಂತಿತು. ಮುಂದೆ ಮೇಷ್ಟ್ರು ಊದುವರು, ಹಿಂದೆ ಡ್ರಮ್ಮುಗಳು ಗುಡುಗುವವು, ನಡುವೆ ಅವಳು ಮೂಗಿಯಂತೆ ನಡೆಯುವಳು. ಒಂಬತ್ತು ಪೈಪುಗಳು ಒಂದೇ ಪೈಪಿನಂತೆ ನುಡಿಯುತ್ತವಲ್ಲ ಎಂದು ತೀರ್ಪುಗಾರರು ಹೋದಲ್ಲೆಲ್ಲ ಹೊಗಳುತ್ತಿದ್ದರು. ಆಗ ಸಾಲಿನಲ್ಲಿ ಯಾರೂ ಅವಳ ಮುಖ ನೋಡುತ್ತಿರಲಿಲ್ಲ. ಪಕ್ಕದಲ್ಲಿ ನಿಲ್ಲುವ ಉದ್ದನೆಯ ಹುಡುಗ, ಎಲ್ಲರ ಬಾಯಲ್ಲೂ ಕೊಕ್ಕರೆ, ಬಗ್ಗಿ ಬೂಟಿನ ಲಾಡಿ ಬಿಗಿಯುವನು. ಎಲ್ಲರಿಗೂ ತನ್ನ ವಿಷಯ ಹೇಗೋ ಗೊತ್ತಾಗಿದೆ, ಅದಕ್ಕೇ ಈ ತಾತ್ಸಾರ ಎಂದುಕೊಂಡಿದ್ದಳು.

ಗೊತ್ತಿಲ್ಲದವರು ತಾತ ಒಬ್ಬರೇ. ಪ್ರತಿ ಪ್ರದರ್ಶನಕ್ಕೂ ಮುಂದಿನ ಕುರ್ಚಿ ಹಿಡಿಯುವರು. ಬಾಗಿಲು ಬಡಿದರೆ ಕೇಳಿಸದ ಕಿವಿಗೆ ಮೊಮ್ಮಗಳ ಪೈಪು ಮಾತ್ರ ಅದು ಹೇಗೆ ಕೇಳಿಸುತ್ತದೋ ಎಂದು ಅತ್ತೆ ಹಂಗಿಸಿದರೂ ಬಗ್ಗುವವರಲ್ಲ.

"ಎಷ್ಟು ಜನ ಊದಿದ್ರೂ ನಿಂದ್ಯಾವ್ದು ಅಂತ ನಂಗೆ ಗೊತ್ತಾಗುತ್ತೆ ಕಣೇ," ಎಂದು ನಿನ್ನೆಯೂ ಹೇಳಿದ್ದರು. ಅವಳು ತಟ್ಟೆ ತೊಳೆಯುತ್ತ ಹೂಂಗುಟ್ಟಿದ್ದಳು.

ಮುಂದಿನ ವಾರ ಅವಳಿಗೆ ಹದಿನೆಂಟು ತುಂಬುತ್ತದೆ. ಯುವ ತಂಡದಲ್ಲಿ ಇದೇ ಕೊನೆಯ ಸ್ಪರ್ಧೆ. ತಾತನ ಮಾತು ಒಂದು ಸಲವಾದರೂ ನಿಜವಾಗಲಿ. ಮನೆಯಲ್ಲಿ ಕಲಿಕೆಯ ಪುಟ್ಟ ಕೊಳವೆ ಹಿಡಿದು ದಿನಾ ನುಡಿಸಿದ್ದರಿಂದ ಸ್ವರಗಳು ಬೆರಳಿಗೆ ಕೂತಿದ್ದವು. ತಪ್ಪಿದರೂ ಉಳಿದ ಎಂಟು ಪೈಪುಗಳ ಗದ್ದಲದಲ್ಲಿ ಮುಚ್ಚಿಹೋಗುತ್ತದೆ. ಮುಚ್ಚದಿದ್ದರೆ ಬಹುಮಾನ ಹೋಗುತ್ತದೆ, ತಂಡದ ಮಾನವೂ.

ಮೈದಾನದಲ್ಲಿ ಸಾಲು ನಿಂತ ಮೇಲೆ ಅಧಿಕಾರಿಯೊಬ್ಬ ಹೊಸ ನಿಯಮ ಓದಿದ. ಹದಿನೆಂಟು ದಾಟಿದವರು ನುಡಿಸುವಂತಿಲ್ಲ. ಮೇಷ್ಟ್ರು ಹಗ್ಗದಾಚೆ ನಿಲ್ಲಬೇಕು.

ಮೇಷ್ಟ್ರ ಮುಖ ಸುಣ್ಣವಾಯಿತು. ತಂಡ ಇನ್ನೂ ತಯಾರಿಲ್ಲ, ಈ ಸಲ ಬಿಟ್ಟುಬಿಡಿ ಎಂದು ಬೇಡಿಕೊಂಡರು. ಇಷ್ಟೊಂದು ವಿನಯ ಒಳ್ಳೆಯದಲ್ಲ ಎಂದು ಅಧಿಕಾರಿ ನಕ್ಕ. ಅವರು ಏನೋ ಹೇಳಲು ಸಾಲಿನತ್ತ ಓಡಿಬಂದರು. ಕಾವಲಿನ ಇಬ್ಬರು ತೋಳು ಹಿಡಿದು ಹಿಂದಕ್ಕೆ ಕರೆದೊಯ್ದರು. ಪಾಪ, ನುಡಿಸದೆ ಇರಲಾರರು ಎಂದುಕೊಂಡಳು. ಮೇಷ್ಟ್ರಿಲ್ಲದಿದ್ದರೇನು, ಏಳು ಪೈಪುಗಳ ಮರೆ ಇದ್ದೇ ಇದೆ.

ಕೊಕ್ಕರೆ ಮೊದಲ ಬಾರಿಗೆ ಅವಳತ್ತ ತಿರುಗಿದ. "ನಂಗೇನ್ ಭಯ ಇಲ್ಲಪ್ಪ," ಎಂದ. "ನೀವೆಲ್ಲ ಇದೀರಲ್ಲ."

ಕುಟುಕು ಮಾತು. ಅವಳಿಗೆ ಅದೂ ನಾಟಲಿಲ್ಲ.

ಡ್ರಮ್ಮು ಗುಡುಗಿತು. ಅವಳು ಮೊಣಕೈಯಿಂದ ಚೀಲ ಒತ್ತಿದಳು. ಕೊಂಚ ನಡುಗುತ್ತ ಸ್ವರ ಹೊರಟಿತು. ಉಳಿದವರ ಸದ್ದು ಬಂದು ಅದನ್ನು ನುಂಗಲಿ ಎಂದು ಕಾದಳು. ಹಾಡಿನ ಮೊದಲ ಸಾಲು ಮುಗಿಯಿತು. ಎರಡನೆಯದೂ ಮುಗಿಯಿತು.

ಎಡಕ್ಕೆ ಇಬ್ಬರು, ಬಲಕ್ಕೆ ಐವರು, ಏಳೂ ಜನ ಕೆನ್ನೆ ಉಬ್ಬಿಸಿ ಸರಸರ ಬೆರಳಾಡಿಸುತ್ತಿದ್ದರು. ಇಡೀ ಮೈದಾನಕ್ಕೆ ಕೇಳಿಸುತ್ತಿದ್ದದ್ದು ಅವಳದೊಂದೇ ಪೈಪು.